ಮಗಳಿಗೊಂದು ಪತ್ರ: ಎರಡನೆಯವಳನ್ನು ನೋಡು

ಮಾಟುಂಗಾ, ಮುಂಬೈ

ಪ್ರೀತಿಯ ಪುಟ್ಟಿ,

ಫೋನಿನಲ್ಲಿ ನೀನು ಕೇಳಿದ್ದಕ್ಕೆ ಆಗ ಸರಿಯಾಗಿ ಉತ್ತರ ಕೊಡಲು ಆಗಲಿಲ್ಲ. ಕುಕ್ಕರ್ ಕೂಗುತ್ತಿತ್ತು. ಅಜ್ಜಿ ಬೇರೆ ಫೋನ್ ತನಗೆ ಕೊಡು ಅಂತ ಪಕ್ಕದಲ್ಲೇ ನಿಂತಿದ್ದರು. ಅದಕ್ಕೇ ಕೂತು ಬರೆಯುತ್ತಿದ್ದೇನೆ. ವಾಟ್ಸ್‌ಆ್ಯಪ್‌ನಲ್ಲಿ ಹಾಕಿದರೆ ನೀನು ಎರಡು ಸಾಲು ಓದಿ ಒಂದು ಹೆಬ್ಬೆರಳು ಕಳಿಸಿ ಮುಗಿಸುತ್ತೀಯ, ನನಗೆ ಗೊತ್ತಿಲ್ವಾ?

ನಿಮ್ಮ ಬಾಸ್ಕೆಟ್‌ಬಾಲ್ ಕೋಚ್ ಸರ್ ದಿನಾ ‘ಗೇಮ್ ರೀಡ್ ಮಾಡು’ ಅನ್ನುತ್ತಾರೆ, ಏನನ್ನು ರೀಡ್ ಮಾಡಬೇಕು ಅಂತ ಮಾತ್ರ ಹೇಳುವುದಿಲ್ಲ. ಇದು ನಿನ್ನ ದೂರು. ನ್ಯಾಯವಾದ ದೂರೇ. ಆದರೆ ಅದಕ್ಕೆ ನೀನು ಕಂಡುಕೊಂಡ ಉಪಾಯ, ಬೆಳಿಗ್ಗೆ ಇನ್ನೂ ಅರ್ಧ ಗಂಟೆ ಸ್ಪ್ರಿಂಟ್ ಮಾಡುವುದು, ನನಗೆ ಒಪ್ಪಿಗೆಯಿಲ್ಲ. ಓಟ ನಿನಗೆ ಬೇಕಾದಷ್ಟಿದೆ. ಇಲ್ಲಿ ಶಾಲೆಯ ಟೀಮಿನಲ್ಲಿ ಆಡುವಾಗ ಎದುರಿಗಿದ್ದವಳನ್ನು ದಾಟಿದರೆ ಸಾಕಿತ್ತು. ಹಿಂದೆ ನಿಂತವರು ಸುಮ್ನೆ ನೋಡುತ್ತಿದ್ದರು. ಪುಣೆಯ ಕಾಲೇಜು ಟೀಮುಗಳಲ್ಲಿ ಹಾಗಲ್ಲ. ಒಬ್ಬಳನ್ನು ದಾಟುವಷ್ಟರಲ್ಲಿ ಇನ್ನೊಬ್ಬಳು ಬಂದು ನಿಂತಿರುತ್ತಾಳೆ. ನಿನಗೆ ಅವಳು ಕಾಣುವುದು ನೀನು ಮೇಲಕ್ಕೆ ಹಾರಿದ ಮೇಲೆ. ಆಮೇಲೆ ಬಾಲನ್ನು ಎಲ್ಲಿಗಾದರೂ ಎಸೆಯಲೇಬೇಕಲ್ಲ, ಎಸೆಯುತ್ತೀಯ. ಇನ್ನೂ ವೇಗವಾಗಿ ಓಡಿದರೆ ಅವಳಿಗೆ ಇನ್ನೂ ಬೇಗ ಹೋಗಿ ಡಿಕ್ಕಿ ಹೊಡೆಯುತ್ತೀಯ, ಅಷ್ಟೇ.

ಆದ್ದರಿಂದ ಮೊದಲ ಮಾತು: ನಿನ್ನನ್ನು ಗಾರ್ಡ್ ಮಾಡುತ್ತಿರುವವಳನ್ನು, ಅಂದರೆ ಅಡ್ಡಗಟ್ಟುತ್ತಿರುವವಳನ್ನು, ಅಷ್ಟು ನೋಡಬೇಡ. ಅವಳ ಹಿಂದಿರುವ ಎರಡನೆಯವಳನ್ನು ನೋಡು.

ನೀನು ಬಲಗಡೆಯಿಂದ ಡ್ರೈವ್ ಮಾಡುತ್ತಿದ್ದೀಯ, ಬಾಲ್ ಬಡಿಯುತ್ತ ರಿಂಗಿನತ್ತ ನುಗ್ಗುತ್ತಿದ್ದೀಯ ಎಂದುಕೋ. ಎದುರಿಗಿದ್ದವಳು ಅರ್ಧ ಹೆಜ್ಜೆ ಹಿಂದೆ ಬಿದ್ದಳು. ಅವಳ ಕಥೆ ಅಲ್ಲಿಗೆ ಮುಗಿಯಿತು. ಈಗ ರಿಂಗಿನ ಹತ್ತಿರ ಯಾರಿದ್ದಾರೆ? ಎಡಗಡೆಯ ಕಾರ್ನರಿನಲ್ಲಿ ನಿಮ್ಮವಳೊಬ್ಬಳು ನಿಂತಿದ್ದಾಳೆ. ಅವಳ ಡಿಫೆಂಡರ್ (ಅವಳನ್ನು ತಡೆಯಬೇಕಾದವಳು) ಒಂದು ಕಾಲನ್ನು ಪೇಂಟಿನೊಳಗೆ, ರಿಂಗಿನ ಕೆಳಗಿನ ಚೌಕದೊಳಗೆ, ಇಟ್ಟು ನಿನ್ನನ್ನೇ ನೋಡುತ್ತಿದ್ದಾಳೆ. ಆ ಹೊತ್ತಿಗೆ ಇಡೀ ಕೋರ್ಟಿನಲ್ಲಿ ನೀನು ನೋಡಬೇಕಾದದ್ದು ಆ ಕಾಲು ಮಾತ್ರ. ಅವಳು ಇನ್ನೊಂದು ಹೆಜ್ಜೆ ಒಳಗೆ ಬಂದರೆ ಕಾರ್ನರಿನವಳು ಖಾಲಿ, ಬಾಲ್ ಅಲ್ಲಿಗೆ ಹೋಗಬೇಕು. ಬರಲಿಲ್ಲವೆಂದರೆ ಲೇ-ಅಪ್, ಅಂದರೆ ಹತ್ತಿರದಿಂದ ರಿಂಗಿಗೆ ಹಾಕುವುದು, ನಿನ್ನದು. ಅವಳ ಕೈಗಳನ್ನು ನಂಬಬೇಡ, ಎಲ್ಲರೂ ಕೈ ಬೀಸುತ್ತಾರೆ. ಸೊಂಟ ಮತ್ತು ಪಾದ ಯಾವ ಕಡೆ ತಿರುಗಿವೆ, ಮೈಭಾರ ಮುಂಗಾಲಿಗೆ ಬಂತೋ ಇಲ್ಲವೋ, ಇಷ್ಟು ನೋಡು. ಪಳಗಿದವರು ಬಂದಂತೆ ಮಾಡಿ ವಾಪಸ್ ಹೋಗುತ್ತಾರೆ. ಅವರು ಬಂದಂತೆ ಮಾಡುವಾಗ ಭಾರ ಹಿಂಗಾಲಿನಲ್ಲೇ ಇರುತ್ತದೆ.

ಮತ್ತೆ, ಪಾಸ್ ಕೊಡಲಿಕ್ಕಾಗಿ ಹಾರಬೇಡ. ಎರಡೂ ಕಾಲೂರಿ ನಿಲ್ಲು. ಕಾಲು ನೆಲದ ಮೇಲಿದ್ದರೆ ಯೋಚನೆ ಬದಲಿಸಬಹುದು. ಹಾರಿದ ಮೇಲೆ ಕೆಳಗೆ ಬರುವಷ್ಟರಲ್ಲಿ ಬಾಲ್ ಕೈಬಿಡಲೇಬೇಕು. ಬಾಲನ್ನು ಎದುರಾಳಿಗೆ ಕಳೆದುಕೊಳ್ಳುವ ನಿನ್ನ ಟರ್ನೋವರ್‌ಗಳಲ್ಲಿ ಜಾಸ್ತಿ ಪಾಲು ಇಂಥವೇ ಅಂತ ನನ್ನ ಅನುಮಾನ.

ಈ ನೋಡುವ ಕೆಲಸ ಬಾಲ್ ಕೈಗೆ ಬರುವ ಮೊದಲೇ ಶುರುವಾಗಬೇಕು. ಲೋಕಲ್ ಟ್ರೈನಿನ ಲೇಡೀಸ್ ಡಬ್ಬದಲ್ಲಿ ನೀನೇ ಎಷ್ಟು ಚುರುಕಾಗಿದ್ದೆ! ದಾದರಿನಲ್ಲಿ ಹತ್ತಿದ ಕೂಡಲೇ ಯಾರ ಕಾಲು ಚಪ್ಪಲಿ ಹುಡುಕುತ್ತಿದೆ, ಯಾರು ಚೀಲವನ್ನು ಮಡಿಲಿಗೆ ಎಳೆದುಕೊಂಡರು ಅಂತ ನೋಡಿ, ‘ಕಹಾಂ ಉತರೋಗೇ’ ಎಂದು ಕೇಳುವ ಮೊದಲೇ ಸರಿಯಾದ ಸೀಟಿನ ಮುಂದೆ ಹೋಗಿ ನಿಲ್ಲುತ್ತಿದ್ದೆ. ಕೋರ್ಟಿನಲ್ಲೂ ಅಷ್ಟೇ ಬೇಕು. ಬಾಲ್ ನಿನ್ನ ಕಡೆ ಗಾಳಿಯಲ್ಲಿರುವಾಗ ನಿನ್ನ ಡಿಫೆಂಡರ್ ನಿನ್ನತ್ತ ಓಡಿ ಬರುತ್ತಿರುತ್ತಾಳೆ. ಅವಳು ನಿಲ್ಲಲಾಗದಷ್ಟು ಜೋರಾಗಿ, ನೆಟ್ಟಗೆ ಬರುತ್ತಿದ್ದರೆ ಶಾಟ್ ತೋರಿಸಿ ಪಕ್ಕದಿಂದ ಹೋಗು. ದೂರದಲ್ಲೇ ನಿಂತುಬಿಟ್ಟರೆ ಶಾಟ್ ಹೊಡೆ. ಎರಡೂ ಅಲ್ಲದಿದ್ದರೆ ಪಕ್ಕದವಳಿಗೆ ಕೊಟ್ಟುಬಿಡು. ನೀನು ಮಾಡುವುದೇನೆಂದರೆ, ಬಾಲ್ ಹಿಡಿದು, ಎರಡು ಸಲ ನೆಲಕ್ಕೆ ಬಡಿದು, ಆಮೇಲೆ ತಲೆ ಎತ್ತುತ್ತೀಯ. ಅಷ್ಟರಲ್ಲಿ ಐದೂ ಜನ ತಮ್ಮ ಜಾಗಕ್ಕೆ ವಾಪಸ್ ಬಂದಿರುತ್ತಾರೆ. ಟೀಮ್‌ಮೇಟ್ ಕಷ್ಟಪಟ್ಟು ತಂದ ಲಾಭ ಆ ಎರಡು ಡ್ರಿಬಲ್‌ನಲ್ಲಿ ಹೋಯಿತು.

ಸ್ಕ್ರೀನ್ ಬಗ್ಗೆ ಸ್ವಲ್ಪ ಉದ್ದವಾಗಿಯೇ ಬರೆಯುತ್ತೇನೆ. ನೀನು ಪಾಯಿಂಟ್ ಗಾರ್ಡ್, ಟೀಮಿನ ಆಟ ನಡೆಸುವವಳು, ನಿನಗೆ ದಿನಾ ಬೇಕಾಗುವ ವಿಷಯ. ನಿಮ್ಮ ಸೆಂಟರ್ (ರಿಂಗಿನ ಹತ್ತಿರ ಆಡುವ ಎತ್ತರದವಳು) ಬಂದು ಸ್ಕ್ರೀನ್ ಇಟ್ಟಳು, ಅಂದರೆ ನಿನ್ನ ಡಿಫೆಂಡರ್ ದಾರಿಗೆ ಅಡ್ಡವಾಗಿ ನಿಂತಳು. ನೀನು ಅವಳ ಭುಜಕ್ಕೆ ಭುಜ ತಾಗುವಷ್ಟು ಹತ್ತಿರದಿಂದ ಹೋಗುತ್ತೀಯ. ನಡುವೆ ಜಾಗ ಬಿಟ್ಟರೆ ಸ್ಕ್ರೀನ್ ಇಟ್ಟೂ ದಂಡ. ಈಗ ನಿನ್ನ ಡಿಫೆಂಡರ್ ಸ್ಕ್ರೀನಿನ ಹಿಂದಿನಿಂದ, ರಿಂಗಿನ ಕಡೆಯಿಂದ ಸುತ್ತಿ ಬಂದಳು ಎಂದರೆ ನಿನ್ನ ಶಾಟಿಗೆ ಅವಳು ಹೆದರುವುದಿಲ್ಲ ಎಂದರ್ಥ. ಅಲ್ಲಿ ಶಾಟ್ ಹೊಡೆಯಬೇಕು, ಅದೂ ನಾಚಿಕೆಯಿಲ್ಲದೆ. ನಿನ್ನ ಬೆನ್ನಿಗೆ ಅಂಟಿಕೊಂಡೇ ಬಂದಳೋ, ಅವಳು ಹಿಂದೆ ಉಳಿದಳು, ಒಳಗೆ ನುಗ್ಗು. ನಿನ್ನ ಡಿಫೆಂಡರ್, ಸೆಂಟರಿನ ಡಿಫೆಂಡರ್ ಇಬ್ಬರೂ ಅದಲುಬದಲು ಮಾಡಿಕೊಂಡರೆ, ನಿಮ್ಮ ಎತ್ತರದ ಸೆಂಟರಿನ ಮೈಮೇಲೆ ಈಗ ಗಿಡ್ಡ ಗಾರ್ಡ್ ಒಬ್ಬಳಿದ್ದಾಳೆ. ಆತುರ ಬೇಡ, ಬಾಲನ್ನು ಒಳಗೆ ತಲುಪಿಸುವ ದಾರಿ ಹುಡುಕು. ಇಬ್ಬರೂ ಸೇರಿ ನಿನ್ನ ಮೇಲೇ ಬಂದರೆ ನೀನು ಗಾಬರಿಯಾಗುತ್ತೀಯ. ಆದರೆ ಎಲ್ಲಕ್ಕಿಂತ ಒಳ್ಳೆಯ ಪರಿಸ್ಥಿತಿ ಅದೇ. ಇಬ್ಬರು ನಿನ್ನ ಹತ್ತಿರ ಇದ್ದಾರೆಂದರೆ ಆ ಕಡೆ ನಿಮ್ಮ ನಾಲ್ವರಿಗೆ ಅವರದು ಮೂರೇ ಜನ. ಸ್ಕ್ರೀನ್ ಇಟ್ಟವಳು ಫ್ರೀ ಥ್ರೋ (ಫೌಲಿಗೆ ಸಿಗುವ, ಯಾರೂ ತಡೆಯದ ಎಸೆತ) ಗೆರೆಯ ಹತ್ತಿರ ತಿರುಗಿ ನಿಂತಿರುತ್ತಾಳೆ, ಬಲೆ ಬಿಗಿಯುವ ಮೊದಲು ಅವಳಿಗೆ ಕೊಡು. ಲೆಕ್ಕ ಮುಂದೆ ಅವಳು ನೋಡಿಕೊಳ್ಳುತ್ತಾಳೆ.

ನಾನು ಮೈಸೂರಿನಲ್ಲಿ ಕಾಲೇಜಿಗೆ ಆಡುವಾಗ ಇದನ್ನೆಲ್ಲ ಯಾರೂ ಇಷ್ಟು ಬಿಡಿಸಿ ಹೇಳುತ್ತಿರಲಿಲ್ಲ. ಆದರೆ ನನ್ನ ಎತ್ತರ ನಿನಗೆ ಗೊತ್ತೇ ಇದೆಯಲ್ಲ, ನೋಡಿ ಆಡದಿದ್ದರೆ ನನಗೆ ಆ ಸಿಮೆಂಟ್ ಕೋರ್ಟಿನಲ್ಲಿ ಜಾಗವೇ ಇರಲಿಲ್ಲ.

ವೇಗದ ಮಾತಿಗೆ ಬಂದರೆ, ಸ್ಯೂ ಬರ್ಡ್ 41ನೇ ವಯಸ್ಸಿನವರೆಗೆ ಅಮೆರಿಕದ ಮಹಿಳಾ ಲೀಗ್ ಆದ ಡಬ್ಲ್ಯುಎನ್‌ಬಿಎಯಲ್ಲಿ ಪಾಯಿಂಟ್ ಗಾರ್ಡ್ ಆಗಿ ಆಡಿದರು. ಐದು ಒಲಿಂಪಿಕ್ ಚಿನ್ನ. 2022ರಲ್ಲಿ ಆಟ ನಿಲ್ಲಿಸುವಾಗ ಆ ಲೀಗಿನಲ್ಲಿ ಅತಿ ಹೆಚ್ಚು ಅಸಿಸ್ಟ್ (ಬಾಸ್ಕೆಟ್ ಆಗುವಂಥ ಪಾಸ್) ಮಾಡಿದ ದಾಖಲೆ ಅವರದೇ. ಆ ವಯಸ್ಸಿನಲ್ಲಿ ಯಾರ ಕಾಲಿಗೆ ಇಪ್ಪತ್ತರ ಓಟ ಇರುತ್ತದೆ ಹೇಳು? ನಿನಗಿಷ್ಟದ ಯೋಕಿಚ್ ಇನ್ನೊಬ್ಬ. ಅಮೆರಿಕದ ಪುರುಷರ ಲೀಗ್ ಎನ್‌ಬಿಎಯ 2014ರ ಡ್ರಾಫ್ಟಿನಲ್ಲಿ, ಅಂದರೆ ತಂಡಗಳು ಹೊಸಬರನ್ನು ಸರದಿಯಲ್ಲಿ ಆರಿಸುವಾಗ, 41ನೆಯವನಾಗಿ ಆಯ್ಕೆಯಾದವನು. ಓಟದಲ್ಲಾಗಲಿ ಜಿಗಿತದಲ್ಲಾಗಲಿ ಏನೂ ಹೆಚ್ಚುಗಾರಿಕೆ ಇಲ್ಲ. ಆದರೂ 2021, 2022, 2024ರಲ್ಲಿ ಎಂವಿಪಿ, ಲೀಗಿನ ಅತ್ಯುತ್ತಮ ಆಟಗಾರ. ಅವನ ಪಾಸುಗಳ ರೀಲ್ಸ್ ನನಗೆ ಕಳಿಸುತ್ತಿರುತ್ತೀಯಲ್ಲ, ಇನ್ನು ಮೇಲೆ ಅದರಲ್ಲಿ ಬಾಲ್ ಬಿಟ್ಟು ಅವನ ತಲೆ ಯಾವಾಗ ತಿರುಗುತ್ತದೆ ಅಂತ ನೋಡು.

ನೋಡುವುದನ್ನು ಕಲಿಯಬಹುದು ಅನ್ನುವುದಕ್ಕೆ ಸಾಕ್ಷಿಯೂ ಇದೆ. 2008ರಲ್ಲಿ ಇಟಲಿಯ ಸಂಶೋಧಕರು ‘ನೇಚರ್ ನ್ಯೂರೋಸೈನ್ಸ್’ ಪತ್ರಿಕೆಯಲ್ಲಿ ಒಂದು ಪ್ರಯೋಗದ ಬಗ್ಗೆ ಬರೆದಿದ್ದರು. ಫ್ರೀ ಥ್ರೋ ವಿಡಿಯೋಗಳನ್ನು ನಡುವೆಯೇ ನಿಲ್ಲಿಸಿ, ಬಾಲ್ ಒಳಗೆ ಬೀಳುತ್ತದೋ ಇಲ್ಲವೋ ಹೇಳಿ ಎಂದು ಕೇಳಿದರು. ದೊಡ್ಡ ಮಟ್ಟದಲ್ಲಿ ಆಡುವವರು ಬಾಲ್ ಕೈ ಬಿಡುವ ಮೊದಲೇ, ಎಸೆಯುವವನ ಮೈ ನೋಡಿ ಹೇಳಿಬಿಡುತ್ತಿದ್ದರು. ವರ್ಷಗಟ್ಟಲೆ ಆಟ ನೋಡಿದ ಕೋಚ್‌ಗಳಿಗೂ ಕ್ರೀಡಾ ಪತ್ರಕರ್ತರಿಗೂ ಅಷ್ಟು ಬೇಗ ಗೊತ್ತಾಗುತ್ತಿರಲಿಲ್ಲ. ಹಾಗಾಗಿ ಕೂತ ಜಾಗದಿಂದ ‘ಶೂಟ್! ಶೂಟ್!’ ಅಂತ ಕಿರುಚುವ ನಿನ್ನ ಅಪ್ಪನ ಮಾತನ್ನು ಧಾರಾಳವಾಗಿ ಕೇಳಿಸಿಕೊಳ್ಳದೆ ಬಿಡಬಹುದು. ವಿಜ್ಞಾನವೇ ನಿನ್ನ ಪರವಾಗಿದೆ. (ಈ ಪತ್ರ ಅವರಿಗೆ ತೋರಿಸಬೇಡ.)

ಇನ್ನು ಯಾವ ಶಾಟ್ ಒಳ್ಳೆಯದು ಅನ್ನುವ ನಿನ್ನ ಪ್ರಶ್ನೆ. ಇದಕ್ಕೆ ಗಣಿತ ಸಾಕು, ನೀನು ಕಾಮರ್ಸ್ ಓದುವವಳು. ಪ್ರಾಕ್ಟೀಸಿನಲ್ಲಿ ಒಬ್ಬಳು ಮೈಮೇಲೆ ಬರುತ್ತಿರುವಾಗ ನೂರು ಶಾಟ್ ಹೊಡೆ. ಮೂರು ಪಾಯಿಂಟಿನ ಗೆರೆಯ ಆಚೆಯಿಂದ 25 ಬಿದ್ದವು ಎಂದುಕೊಂಡರೆ 75 ಪಾಯಿಂಟ್. ರಿಂಗಿನ ಹತ್ತಿರ 50 ಬಿದ್ದರೆ 100. ಗೆರೆಯಿಂದ ಒಂದು ಹೆಜ್ಜೆ ಒಳಗೆ ನಿಂತು, ಕಷ್ಟಪಟ್ಟು ಹೊಡೆಯುವ ಎರಡು ಪಾಯಿಂಟಿನ ಶಾಟು 30 ಬಿದ್ದರೆ ಬರೀ 60. ದೂರ ಅಷ್ಟೇ, ಸಿಗುವುದು ಕಡಿಮೆ. ನಿನಗೆ ಅದೇ ಶಾಟ್ ಮೇಲೆ ಯಾಕೋ ಪ್ರೀತಿ. ಫೌಲ್ ಪಡೆದು ಎರಡು ಫ್ರೀ ಥ್ರೋ ಹೊಡೆದರೆ, ನೂರಕ್ಕೆ 60 ಬಿದ್ದರೂ ಪ್ರತಿ ಸಲಕ್ಕೆ 1.2 ಪಾಯಿಂಟ್. ನಿನ್ನ ನಿಜವಾದ ಸಂಖ್ಯೆಗಳನ್ನು ಒಂದು ಪುಸ್ತಕದಲ್ಲಿ ಬರೆದಿಡು. ಖಾಲಿ ಕೋರ್ಟಿನಲ್ಲಿ ಒಬ್ಬಳೇ ಹೊಡೆದ ಸಂಖ್ಯೆ ಬೇಡ, ಅದು ಸುಳ್ಳು.

ಅದೇ ಪುಸ್ತಕದಲ್ಲಿ, ಮ್ಯಾಚ್ ಆದ ಮೇಲೆ, ಒಳ್ಳೆಯ ನಿರ್ಧಾರ ಮಾಡಿದ ಶಾಟುಗಳನ್ನು ಬೇರೆ ಬರೆ, ಬಿದ್ದ ಶಾಟುಗಳನ್ನು ಬೇರೆ ಬರೆ. ಖಾಲಿ ಇದ್ದ ಕಾರ್ನರಿಗೆ ಪಾಸ್ ಕೊಟ್ಟೆ, ಅವಳು ಮಿಸ್ ಮಾಡಿದಳು: ನಿನ್ನ ಆಟ ಸರಿಯೇ. ಮೂರು ಜನರ ನಡುವೆ ಕಣ್ಣು ಮುಚ್ಚಿ ಎಸೆದದ್ದು ಬೋರ್ಡಿಗೆ ಬಡಿದು ಒಳಗೆ ಬಿತ್ತು, ಎಲ್ಲರೂ ಚಪ್ಪಾಳೆ ತಟ್ಟಿದರು: ಅದು ಕೆಟ್ಟ ಶಾಟ್. ಇಂಥ ಚಪ್ಪಾಳೆಯಿಂದಲೇ ಆಟಗಾರರು ಹಾಳಾಗುವುದು.

ಡಿಫೆನ್ಸಿನಲ್ಲಿ ಹೊಸದೇನಿಲ್ಲ. ಅಲ್ಲಿ ಆ ಎರಡನೆಯವಳು ನೀನೇ. ಬಾಲ್ ಮತ್ತು ನಿನ್ನ ಪಾಲಿನ ಆಟಗಾರ್ತಿ ಇಬ್ಬರೂ ಕತ್ತು ತಿರುಗಿಸದೆ ಕಾಣುವ ಹಾಗೆ ನಿಲ್ಲು. ಎದುರಾಳಿ ಗಾರ್ಡ್ ತಲೆ ತಗ್ಗಿಸಿ ಆಡುವವಳಾದರೆ ನಿನಗೆ ಹಬ್ಬ.

ಕೊನೆಗೆ ಗಡಿಯಾರ ಮತ್ತು ಸ್ಕೋರ್‌ಬೋರ್ಡ್. ಇದನ್ನು ಓದದವರು ಎನ್‌ಬಿಎಯಲ್ಲೂ ಇದ್ದಾರೆ. 2018ರ ಫೈನಲ್ಸ್‌ನ ಮೊದಲ ಪಂದ್ಯ. ಕ್ಲೀವ್‌ಲ್ಯಾಂಡ್, ಗೋಲ್ಡನ್ ಸ್ಟೇಟ್ 107-107ರಲ್ಲಿ ಸಮ. 4.7 ಸೆಕೆಂಡ್ ಉಳಿದಿತ್ತು. ಕ್ಲೀವ್‌ಲ್ಯಾಂಡಿನ ಎರಡನೇ ಫ್ರೀ ಥ್ರೋ ಮಿಸ್ ಆಯಿತು. ರೀಬೌಂಡ್, ಅಂದರೆ ಮಿಸ್ ಆಗಿ ಪುಟಿದ ಬಾಲ್, ಅವರದೇ ಜೆ. ಆರ್. ಸ್ಮಿತ್ ಕೈಗೆ, ರಿಂಗಿನ ಕೆಳಗೇ ಸಿಕ್ಕಿತು. ಆತ ಶಾಟ್ ಹೊಡೆಯುವುದು ಬಿಟ್ಟು, ಗೆದ್ದವರ ಹಾಗೆ, ಬಾಲ್ ತೆಗೆದುಕೊಂಡು ಹೊರಗೆ ಓಡಿದ. ಅವರ ಟೀಮಿನ ಲೆಬ್ರಾನ್ ಕೈ ಚಾಚಿ ರಿಂಗ್ ತೋರಿಸುತ್ತಲೇ ಇದ್ದ. 51 ಪಾಯಿಂಟ್ ಹೊಡೆದಿದ್ದ, ಪಾಪ. ಓವರ್‌ಟೈಮಿನಲ್ಲಿ ಸೋತರು, 124-114. ಆದ್ದರಿಂದ ಆಟ ನಿಂತಾಗೆಲ್ಲ, ಫ್ರೀ ಥ್ರೋಗೆ ಸಾಲು ನಿಲ್ಲುವಾಗೆಲ್ಲ, ಸ್ಕೋರ್, ಸಮಯ, ಟೀಮ್ ಫೌಲ್ ಮೂರನ್ನೂ ನೋಡಿ ಪಕ್ಕದವರಿಗೆ ಗಟ್ಟಿಯಾಗಿ ಹೇಳು. ಪಾಯಿಂಟ್ ಗಾರ್ಡ್ ಕೆಲಸ ಅದು. ಒಂದು ಕ್ವಾರ್ಟರಿನಲ್ಲಿ ಅವರ ನಾಲ್ಕು ಟೀಮ್ ಫೌಲ್ ಆಗಿದ್ದರೆ ಐದನೆಯದಕ್ಕೆ ನಿಮಗೆ ಎರಡು ಫ್ರೀ ಥ್ರೋ. ಆಗ ಹೊರಗಿನಿಂದ ಶಾಟ್ ಹೊಡೆಯುತ್ತ ಕೂರುವುದು ದಡ್ಡತನ, ಒಳಗೆ ನುಗ್ಗಬೇಕು. ನಿಮ್ಮ ಶಾಟ್ ರಿಂಗಿಗೆ ತಾಗಿ ರೀಬೌಂಡ್ ನಿಮಗೇ ಸಿಕ್ಕರೆ ಶಾಟ್ ಹೊಡೆಯಲು ಉಳಿದ ಸಮಯ ತೋರಿಸುವ ಕ್ಲಾಕ್ 24 ಸೆಕೆಂಡಿಗೆ ಹೋಗುವುದಿಲ್ಲ, 14ಕ್ಕೆ ಹೋಗುತ್ತದೆ. ಅದು ಕಡಿಮೆಯೇನಲ್ಲ. ಸಿಕ್ಕ ತಕ್ಷಣ ಗಡಿಬಿಡಿಯಲ್ಲಿ ಮತ್ತೆ ಎಸೆಯಬೇಕಾಗಿಲ್ಲ.

ಆಟ ನೋಡುವ ಅಭ್ಯಾಸವೂ ಬದಲಾಗಬೇಕು. 2019ರ ಅಕ್ಟೋಬರಿನಲ್ಲಿ ವರ್ಳಿಯ ಎನ್‌ಎಸ್‌ಸಿಐ ಡೋಮಿನಲ್ಲಿ ಎನ್‌ಬಿಎ ಟೀಮುಗಳಾದ ಪೇಸರ್ಸ್ ಮತ್ತು ಕಿಂಗ್ಸ್ ಆಡಿದ್ದನ್ನು ನಾವು ಟಿವಿಯಲ್ಲಿ ನೋಡಿದೆವಲ್ಲ? ಮೊದಲ ದಿನ ಓವರ್‌ಟೈಮಿಗೆ ಹೋಗಿ 132-131ಕ್ಕೆ ಮುಗಿದಿತ್ತು. ನಿನಗೆ ನೆನಪಿರುವುದು ಡಂಕ್‌ಗಳು ಮಾತ್ರ. ಆಗ ಚಿಕ್ಕವಳು, ಸರಿ. ದೀಪಾವಳಿಗೆ ಬಂದಾಗ ಒಂದು ಸಂಜೆ ನಾಗಪಾಡಾದ ಬಾಸ್ಕೆಟ್‌ಬಾಲ್ ಕೋರ್ಟಿಗೆ ಹೋಗೋಣ. ಅಲ್ಲಿನ ಹುಡುಗರು ಇಕ್ಕಟ್ಟಿನಲ್ಲಿ ಆಡಿ ಬೆಳೆದವರು, ಕಣ್ಣು ಬಹಳ ಚುರುಕು. ಒಂದು ಕ್ವಾರ್ಟರ್ ಪೂರ್ತಿ ನೀನು ಬಾಲ್ ನೋಡುವ ಹಾಗಿಲ್ಲ. ಬಾಲ್ ಇಲ್ಲದ ಒಬ್ಬನನ್ನು ಮಾತ್ರ ನೋಡಬೇಕು. ಅವನು ಯಾವಾಗ ಓಡಿದ, ಯಾಕೆ ಆಗಲೇ ಓಡಿದ ಅಂತ ನನಗೆ ಹೇಳಬೇಕು.

ಶನಿವಾರದ ಮ್ಯಾಚಿನ ವಿಡಿಯೋ ಯಾರಾದರೂ ತೆಗೆಯುತ್ತಾರಾ? ತೆಗೆದರೆ ನೀನು ಬಾಸ್ಕೆಟ್ ಹಾಕಿದ್ದನ್ನಷ್ಟೇ ಕತ್ತರಿಸಿ ಕಳಿಸಬೇಡ, ಮೂರನೇ ಕ್ವಾರ್ಟರ್ ಪೂರ್ತಿ ಕಳಿಸು. ಸುಸ್ತಾದ ಮೇಲೆಯೇ ಅಭ್ಯಾಸಗಳು ಕಾಣುವುದು. ಮೊಬೈಲ್ ಹಿಡಿಯುವವಳಿಗೆ ಮೇಲಿನ ಮೆಟ್ಟಿಲಲ್ಲಿ ನಿಲ್ಲಲು ಹೇಳು. ಬಾಲಿನ ಹಿಂದೆ ಮೊಬೈಲ್ ತಿರುಗಿಸುತ್ತ ಇರಬಾರದು. ಹತ್ತೂ ಜನ ಕಾಣಬೇಕು.

ನಿನ್ನ,
ಅಮ್ಮ