ನನ್ನ ನಿದ್ದೆ ನೋಡಿದವರಿಗೆ

ನಿದ್ದೆಯಲ್ಲಿ ಉಸಿರು ನಿಲ್ಲುವ ಕಾಯಿಲೆಗೆ ಮೂಗಿಗೆ ಮಾಸ್ಕ್ ಹಾಕಿಕೊಂಡು ಮಲಗಲು ಶುರುಮಾಡಿ ಈ ವಾರಕ್ಕೆ ಒಂದು ವರ್ಷವಾಯಿತು. ವರ್ಷ ತುಂಬಿದ ಬೆಳಿಗ್ಗೆ ಮೊದಲು ನೆನಪಾದವರು ಡಾಕ್ಟರ್ ಅಲ್ಲ. ತುಮಕೂರಿನಿಂದ ಬೆಂಗಳೂರಿಗೆ ಬೆಳಗಿನ ರೈಲಿನಲ್ಲಿ ನನ್ನ ಜೊತೆ ಬರುವ ಹೆಂಗಸರು.

ನನಗೀಗ 51. ಯಶವಂತಪುರದ ಹತ್ತಿರ ಲೆಕ್ಕ ಬರೆಯುವ ಕೆಲಸ, 11 ವರ್ಷದಿಂದ ಇದೇ ಓಡಾಟ. ಹಿಂದಿನ ಎರಡು ಮೂರು ವರ್ಷ ರೈಲು ಹತ್ತಿ ಕೂತರೆ ಕ್ಯಾತ್ಸಂದ್ರ ಬರುವಷ್ಟರಲ್ಲಿ ನಿದ್ದೆ ಹೋಗಿರುತ್ತಿದ್ದೆ. ರಾತ್ರಿ ಎಂಟು ಗಂಟೆ ಮಲಗಿದ್ದರೂ ಅಷ್ಟೇ. ಹೂವು ಕಟ್ಟುತ್ತಾ ಬರುವ ಅಕ್ಕ ಚಿಕ್ಕಬಾಣಾವರ ದಾಟಿದ ಕೂಡಲೇ ಭುಜ ಹಿಡಿದು ಎಬ್ಬಿಸುತ್ತಿದ್ದರು. ಒಂದು ದಿನ ಅವರೇ ಹೇಳಿದರು: "ನೀನು ಮಲಗೋದಲ್ಲ ಕಣಮ್ಮ, ನೀರಲ್ಲಿ ಮುಳುಗಿ ಮುಳುಗಿ ಏಳ್ತೀಯ. ಯಾರಿಗಾದ್ರೂ ತೋರಿಸು."

ಅಕ್ಕ, ನೀವು ಹೇಳಿದ್ದು ಅಕ್ಷರಕ್ಷರ ನಿಜವಾಗಿತ್ತು.

ನಾನು ತೋರಿಸಿಕೊಂಡಿರಲಿಲ್ಲ ಅಂತಲ್ಲ. ಬೆಳಿಗ್ಗೆ ಎದ್ದರೆ ತಲೆನೋವು, ಬಾಯಿ ಒಣಗಿರುತ್ತಿತ್ತು, ರಾತ್ರಿ ಮೂರು ನಾಲ್ಕು ಸಲ ಬಾತ್‌ರೂಮಿಗೆ ಏಳಬೇಕಿತ್ತು. ಒಂದು ಕಡೆ ಥೈರಾಯ್ಡ್ ನೋಡಿದರು. ಇನ್ನೊಂದು ಕಡೆ, ಮುಟ್ಟು ನಿಲ್ಲುವ ವಯಸ್ಸು, ಟೆನ್ಷನ್ ಅಂದರು. ಬಿಪಿ ಮಾತ್ರೆ ಒಂದು ಇದ್ದದ್ದು ಎರಡಾಯಿತು. ಗೊರಕೆಯ ವಿಷಯ ಅವರು ಕೇಳಲಿಲ್ಲ, ನಾನೂ ಹೇಳಲಿಲ್ಲ. ಹೆಂಗಸು ಗೊರಕೆ ಹೊಡೆಯುತ್ತಾಳೆ ಅಂತ ಹೇಗೆ ಬಾಯಿಬಿಡುವುದು? ನನ್ನ ಯಜಮಾನರು ಹಾಲ್‌ನಲ್ಲಿ ಮಲಗಲು ಶುರುಮಾಡಿ ನಾಲ್ಕು ವರ್ಷವಾಗಿತ್ತು. ಅದನ್ನೂ ಯಾರಿಗೂ ಹೇಳಿರಲಿಲ್ಲ.

ಒಂದು ಸಂಜೆ ಬಟವಾಡಿ ಹತ್ತಿರ ಸ್ಕೂಟರ್ ಓಡಿಸುತ್ತಲೇ ಕಣ್ಣು ಮುಚ್ಚಿಹೋಯಿತು. ಪಕ್ಕದ ಆಟೋದವರು ಜೋರಾಗಿ ಕೂಗಿ ಎಚ್ಚರಿಸಿದರು. ಅವರ ಮುಖ ಕೂಡ ಸರಿಯಾಗಿ ನೆನಪಿಲ್ಲ. ಅವರಿಗೂ ಇಲ್ಲಿಂದಲೇ ಕೈಮುಗಿಯುತ್ತೇನೆ.

ಆ ರಾತ್ರಿ ಪಿಯುಸಿ ಓದುತ್ತಿದ್ದ ಮಗಳು ನಾನು ಮಲಗಿದ್ದನ್ನು ಫೋನಿನಲ್ಲಿ ವಿಡಿಯೋ ಮಾಡಿದಳು. ಅದನ್ನು ನೋಡಿದ್ದು ನನ್ನ ಬದುಕಿನ ಅತಿ ಕಷ್ಟದ ಐದು ನಿಮಿಷ. ಗೊರಕೆ, ಗೊರಕೆ, ಆಮೇಲೆ ಪೂರ್ತಿ ಮೌನ. ಎದೆ, ಹೊಟ್ಟೆ ಏರಿಳಿಯುತ್ತಿವೆ, ಉಸಿರು ಮಾತ್ರ ಒಳಗೆ ಹೋಗುತ್ತಿಲ್ಲ. 22 ಸೆಕೆಂಡ್ ಆದ ಮೇಲೆ ಗಕ್ಕನೆ ಉಸಿರೆಳೆದುಕೊಂಡೆ. ಮತ್ತೆ ಗೊರಕೆ. "ಗೊರಕೆ ಕೇಳಿದ್ರೆ ಭಯ ಇಲ್ಲಮ್ಮ, ನಿಂತಾಗ ಭಯ ಆಗುತ್ತೆ" ಅಂದಳು. ಎಷ್ಟು ರಾತ್ರಿ ಅವಳು ಪುಸ್ತಕ ಬಿಟ್ಟು ನನ್ನ ಉಸಿರು ಎಣಿಸಿದ್ದಳೋ!

ಆ ವಿಡಿಯೋ ನೋಡಿದ ಶ್ವಾಸಕೋಶದ ಡಾಕ್ಟರ್ ನನ್ನ ಮುಂದೆ ಹಾಳೆ ಇಟ್ಟು ಚಿತ್ರ ಬರೆದರು. ಇದು ಅಬ್‌ಸ್ಟ್ರಕ್ಟಿವ್ ಸ್ಲೀಪ್ ಅಪ್ನಿಯಾ. ನಿದ್ದೆಯಲ್ಲಿ ಗಂಟಲಿನ ಸ್ನಾಯು ಸಡಿಲವಾಗಿ, ನಾಲಿಗೆ ಹಿಂದಕ್ಕೆ ಜಾರಿ ದಾರಿ ಮುಚ್ಚಿಕೊಳ್ಳುತ್ತದೆ. ರಕ್ತದಲ್ಲಿ ಆಕ್ಸಿಜನ್ ಇಳಿಯುತ್ತದೆ, ಮೆದುಳು ಗಾಬರಿಯಾಗಿ ಒಂದು ಕ್ಷಣ ಎಬ್ಬಿಸುತ್ತದೆ. ನಮಗೆ ಅದು ನೆನಪೇ ಇರುವುದಿಲ್ಲ. ದಪ್ಪ ಇರುವವರಿಗೆ ಜಾಸ್ತಿ, ಆದರೆ ದವಡೆ ಚಿಕ್ಕದಿರುವ ತೆಳ್ಳಗಿನವರಿಗೂ ಬರುತ್ತದೆ. ಮುಟ್ಟು ನಿಂತ ಮೇಲೆ ಹೆಂಗಸರಿಗೆ ಅಪಾಯ ಹೆಚ್ಚು. ಬಿಪಿ ಹತೋಟಿಗೆ ಬರದಿರಲು ಇದೂ ಒಂದು ಕಾರಣ. ಯಾರೂ ಬೈಯದೆ, ತೂಕದ ಬಗ್ಗೆ ಚುಚ್ಚದೆ ಇಷ್ಟು ಬಿಡಿಸಿ ಹೇಳಿದ್ದು ಅದೇ ಮೊದಲು.

ತಲೆಗೆ ವೈರು, ಎದೆಗೆ ಬೆಲ್ಟು, ಬೆರಳಿಗೆ ಕ್ಲಿಪ್ಪು ಹಾಕಿ ಒಂದು ರಾತ್ರಿ ಪರೀಕ್ಷೆ ಮಾಡಿದರು. ಗಂಟೆಗೆ 38 ಸಲ ಉಸಿರು ನಿಲ್ಲುತ್ತಿತ್ತು, ಇಲ್ಲವೇ ಕುಗ್ಗುತ್ತಿತ್ತು. 30 ದಾಟಿದರೆ ತೀವ್ರ ಎಂದು ಲೆಕ್ಕ.

ಸಿಪ್ಯಾಪ್ ಯಂತ್ರ ಬಂತು. ನೆಂಟರು ಇನ್ನೂ "ಆಕ್ಸಿಜನ್ ಹಾಕಿದಾರಂತೆ" ಅನ್ನುತ್ತಾರೆ. ಆಕ್ಸಿಜನ್ ಅಲ್ಲ, ಕೋಣೆಯ ಗಾಳಿಯೇ. ಅದನ್ನು ಮಾಸ್ಕ್ ಮೂಲಕ ಒತ್ತಡದಲ್ಲಿ ಕಳಿಸಿ ಗಂಟಲು ಮುಚ್ಚದ ಹಾಗೆ ತಡೆಯುತ್ತದೆ. ಆಸ್ಟ್ರೇಲಿಯಾದ ಕಾಲಿನ್ ಸಲಿವನ್ ಎಂಬ ಡಾಕ್ಟರ್ ಮತ್ತು ಅವರ ಜೊತೆಯವರು 1981ರಲ್ಲಿ ಈ ದಾರಿ ತೋರಿಸಿದರಂತೆ. ಕಾಣದ ಆ ಪುಣ್ಯಾತ್ಮರಿಗೂ ನಾನು ಋಣಿ.

ಮೊದಲ ಮೂರು ವಾರ ಅತ್ತಿದ್ದೇನೆ. ಗಾಳಿ ಸೋರಿ ಕಣ್ಣಿಗೆ ಹೊಡೆಯುವುದು, ಕೆನ್ನೆಯಲ್ಲಿ ಪಟ್ಟಿಯ ಗುರುತು, ಮಧ್ಯರಾತ್ರಿ ಗೊತ್ತಿಲ್ಲದೆ ಕಿತ್ತು ಹಾಕುವುದು. ಯಂತ್ರ ಕೊಟ್ಟ ಹುಡುಗ ಫೋನ್ ಮಾಡಿದಾಗಲೆಲ್ಲ ಬೇಸರವಿಲ್ಲದೆ ಮಾತಾಡಿದ. ಸಂಜೆ ಟಿವಿ ನೋಡುವಾಗ ಅರ್ಧ ಗಂಟೆ ಸುಮ್ನೆ ಹಾಕಿಕೊಂಡು ಕೂರಿ ಅಂದ. ಅದೇ ನನ್ನನ್ನು ದಡ ಸೇರಿಸಿತು. ಗುಬ್ಬಿ ಹತ್ತಿರದ ತವರಿಗೆ ಹಬ್ಬಕ್ಕೆ ಹೋದಾಗ ಕರೆಂಟ್ ಹೋಯಿತು. ಪಕ್ಕದ ಮನೆಯ ಚಿಕ್ಕಪ್ಪ ತಮ್ಮ ಫ್ಯಾನ್ ಆರಿಸಿ, ಯುಪಿಎಸ್‌ನಿಂದ ನಮ್ಮ ಕಿಟಕಿಗೆ ವೈರ್ ಎಳೆದು ಕೊಟ್ಟರು. ಆ ಸೆಕೆಯಲ್ಲಿ ಅವರು ಜಗಲಿಯ ಮೇಲೆ ಮಲಗಿದ್ದರು.

ಈಗ ಬೆಳಿಗ್ಗೆ ತಲೆನೋವಿಲ್ಲ. ಬಿಪಿಗೆ ಮತ್ತೆ ಒಂದೇ ಮಾತ್ರೆ, ಡಾಕ್ಟರೇ ನೋಡಿ ಇಳಿಸಿದ್ದು. ಯಜಮಾನರು ತಮ್ಮ ಹಾಸಿಗೆಯನ್ನು ಹಾಲ್‌ನಿಂದ ಒಳಗೆ ತಂದರು. ಏನೂ ಮಾತಾಡಲಿಲ್ಲ. ಪ್ರತಿ ರಾತ್ರಿ ಯಂತ್ರಕ್ಕೆ ಡಿಸ್ಟಿಲ್ಡ್ ನೀರು ತುಂಬಿಸಿ ಇಡುವುದು ಅವರೇ.

ನಿಮ್ಮಲ್ಲಿ ಯಾರಿಗಾದರೂ ಹೊಸದಾಗಿ ಮಾಸ್ಕ್ ಕೊಟ್ಟಿದ್ದರೆ, ಹೊಂದುತ್ತಿಲ್ಲ ಅಂತ ಬೀರುವಿಗೆ ಸೇರಿಸುವ ಮೊದಲು ಬೆಳಗಿನ ರೈಲಿನ ಲೇಡೀಸ್ ಬೋಗಿಗೆ ಬನ್ನಿ. ಹೂವಿನ ಅಕ್ಕನ ಪಕ್ಕದಲ್ಲೇ ಕೂತಿರುತ್ತೇನೆ. ಪಟ್ಟಿ ಎಲ್ಲಿ ಸಡಿಲ ಮಾಡಬೇಕು, ಎಲ್ಲಿ ಬಿಗಿ ಮಾಡಬೇಕು, ಯಶವಂತಪುರ ಬರುವಷ್ಟರಲ್ಲಿ ತೋರಿಸಿಕೊಡುತ್ತೇನೆ.