ಪುಟ್ಟಿಗೆ, ಕ್ಯಾಲೆಂಡರಿನ ಗೆರೆ ವಿಷ್ಯ

ಪುಟ್ಟೀ,

ನಿನ್ನೆ ಫೋನಲ್ಲಿ ನಿನ್ ದನಿ ಕೇಳಿದ ಮೇಲೆ ನಂಗೆ ನಿದ್ದೆ ಹತ್ತಲಿಲ್ಲ. ಸರ್ಕಾರಿ ಕೆಲ್ಸದ ಮೊದಲ್ನೇ ಪರೀಕ್ಷೆ, ಅದೇ ಪ್ರಿಲಿಮ್ಸ್, ಬರೆದು ಏಳು ತಿಂಗಳಾಯ್ತು, ರಿಸಲ್ಟ್ ಇವತ್ತು ಬರುತ್ತೆ ನಾಳೆ ಬರುತ್ತೆ ಅಂತ ಟೆಲಿಗ್ರಾಂ ಗ್ರೂಪಲ್ಲಿ ಯಾರ್ಯಾರೋ ಹಾಕಿದ್ದನ್ನೆಲ್ಲಾ ನಂಬ್ಕೊಂಡು ವಿಜಯನಗರದ ಪಿಜಿಲಿ ಮೊಬೈಲ್ ಹಿಡ್ಕೊಂಡೇ ಕೂತಿರ್ತೀಯಂತೆ, ಊಟನೂ ಸರಿಯಾಗ್ ಮಾಡ್ತಿಲ್ಲ ಅಂತ ನಿಮ್ಮಮ್ಮ ಅತ್ಲು.

ನಿನ್ ಪರೀಕ್ಷೆ ನಂಗೆ ಗೊತ್ತಿಲ್ಲ ಕಣವ್ವ, ಮಳೆ ಕಾಯೋದು ಗೊತ್ತು. 2023 ನೆನಪಿದ್ಯಾ? ಆದ್ರೆ ಆರಿದ್ರ ಇಲ್ದಿದ್ರೆ ದರಿದ್ರ ಅಂತಾರಲ್ಲ, ಹಂಗೇ ಆಯ್ತು. ಪುನರ್ವಸು ಮಳೇಲಿ ಸ್ವಲ್ಪ ಹನಿ ಬಿತ್ತು, ಪಕ್ಕದ ಹೊಲದವ್ರು ತಡೀಲಾರದೆ ಬಿತ್ತೋಕೆ ಕೂರಿಗೆ ಹೂಡಿಬಿಟ್ರು, ಮೊಳಕೆ ಬಂದಿದ್ದು ಬಂದಂಗೆ ಒಣಗೋಯ್ತು. ಆಗಸ್ಟಂತೂ 1901ರಿಂದೀಚೆಗೆ ದೇಶಕ್ಕೇ ಅಂಥ ಒಣ ಆಗಸ್ಟ್ ಇರ್ಲಿಲ್ವಂತೆ. ರಾಜ್ಯದ 236 ತಾಲೂಕಲ್ಲಿ 223ಕ್ಕೆ ಬರ ಅಂದ್ರು, ನಮ್ದೂ ಅದ್ರಲ್ಲೇ.

ನಾನೂ ಕಾದೆ, ಆದ್ರೆ ಬರೀ ಮೋಡ ನೋಡ್ಕೊಂಡು ಕೂರ್ಲಿಲ್ಲ. ಮನೇಲಿ ಮೂರು ಥರ ಬೀಜ ಇತ್ತು. ಎಂಆರ್-6 ರಾಗಿಗೆ ನಾಲ್ಕು ತಿಂಗಳ ಮೇಲೇ ಬೇಕು, ಜುಲೈ ದಾಟಿದ್ರೆ ಅದನ್ನ ಮುಟ್ಟಬಾರ್ದು. ಆಮೇಲೆ ನೂರು ದಿನದ ರಾಗಿ ಜಿಪಿಯು-48. ಅದಕ್ಕೂ ಹದ ಸಿಗ್ಲಿಲ್ಲ ಅಂದ್ರೆ ಹುರುಳಿ. ಯಾವುದಕ್ಕೆ ಯಾವತ್ತು ಕಡೇ ದಿನ ಅಂತ ಕ್ಯಾಲೆಂಡರಲ್ಲಿ ಪೆನ್ನಿಂದ ಗೆರೆ ಹಾಕಿಟ್ಟಿದ್ದೆ. ಮೊದಲ್ನೇ ಗೆರೆ ದಾಟಿದ ದಿನ ಹೊಟ್ಟೆ ಉರೀತು, ಸುಳ್ಳು ಹೇಳಲ್ಲ, ಆದ್ರೂ ಮಾರನೇ ದಿನ ಏನ್ ಮಾಡ್ಬೇಕು ಅಂತ ಗೊತ್ತಿದ್ದಕ್ಕೆ ಆ ರಾತ್ರಿ ಕಣ್ಣು ಹತ್ತಿತು. ಕೊನೆಗೆ ಹುಬ್ಬೆ ಮಳೇಲಿ ಹುರುಳಿನೇ ಚೆಲ್ಲಿದ್ದು. ಎರಡು ಮೂಟೆ ಆಯ್ತು, ದನಕ್ಕೆ ಹೊಟ್ಟಾಯ್ತು, 2024ರಲ್ಲಿ ಅದೇ ಹೊಲಕ್ಕೆ ಮತ್ತೆ ರಾಗಿ ಹಾಕಿದೆ.

ನೀನೂ ಒಂದು ಗೆರೆ ಹಾಕ್ಕೊ. ದಸರಾ ತನಕ ಅಂತ ಇಟ್ಕೊ, ಅಲ್ಲಿವರ್ಗೂ ಮುಂದಿನ ಪರೀಕ್ಷೆ ಮೇನ್ಸ್‌ಗೆ ಓದು, ಅಷ್ಟೊತ್ತಿಗೂ ರಿಸಲ್ಟ್ ಬಂದಿಲ್ವಾ, ಆ ಕಾಲೇಜಲ್ಲಿ ಗೆಸ್ಟ್ ಲೆಕ್ಚರರ್ ಕೆಲ್ಸ ಇದೆ ಅಂದಿದ್ಯಲ್ಲ ಅದಕ್ಕೆ ಅರ್ಜಿ ಹಾಕು, ಕೆಲ್ಸ ಮಾಡ್ತಾನೇ ಓದು. ಅದನ್ನ ಸೋತೆ ಅನ್ಕೋಬೇಡ. ಆ ಗ್ರೂಪ್ ಮಾತ್ರ ಇವತ್ತೇ ಮ್ಯೂಟ್ ಮಾಡು, ರಿಸಲ್ಟ್ ಬಂದ್ರೆ ಊರೆಲ್ಲಾ ಫೋನ್ ಮಾಡುತ್ತೆ.

ಶನಿವಾರ ಬೆಳಿಗ್ಗೆ ಬಸ್ ಹತ್ತು. ದೊಡ್ಡಮ್ಮ ಹುರುಳಿಕಾಳು ಬಸ್ಸಾರು ಮುದ್ದೆ ಮಾಡ್ತಾಳಂತೆ, ಸ್ಟ್ಯಾಂಡಿಗೆ ನಾನೇ ಗಾಡಿ ತರ್ತೀನಿ.

ನಿನ್ನ ದೊಡ್ಡಪ್ಪ