ಕ್ರಿಸ್‌ಮಸ್ ಕ್ಯಾಕ್ಟಸ್‌ಗೆ ಗೊಬ್ಬರ: ಯಾವಾಗ, ಎಷ್ಟು?

ಎಲ್ಲರಿಗೂ ನಮಸ್ಕಾರ. ಮೊಗ್ಗು ಉದುರುತ್ತಿದೆ ಎಂದು ಗೊಬ್ಬರ ಸುರಿಯುತ್ತಿರುವವರು ದಯವಿಟ್ಟು ನಿಲ್ಲಿಸಿ. ಮೊಗ್ಗು, ಹೂವು ಇರುವಾಗ ಗೊಬ್ಬರ ಬೇಡ.

ಕ್ಯಾಕ್ಟಸ್ ಎಂದರೂ ಇದು ಮರಳುಗಾಡಿನ ಗಿಡ ಅಲ್ಲ. ಬ್ರೆಜಿಲ್‌ನ ಕಾಡುಗಳಲ್ಲಿ ಮರದ ಕೊಂಬೆ, ಬಂಡೆ ಸಂದಿಗಳಲ್ಲಿ ಬೆಳೆಯುತ್ತದೆ. ಕೊಳೆತ ಎಲೆಯೇ ಅದರ ಊಟ. ಹಾಗಾಗಿ ಸ್ವಲ್ಪ ಕೊಟ್ಟರೆ ಸಾಕು.

ಹೂವು ಮುಗಿದ ಮೇಲೆ ಒಂದೂವರೆ ತಿಂಗಳು ಸುಮ್ನೆ ಬಿಡಿ, ನೀರೂ ಕಡಿಮೆ. ಚಳಿ ಕಳೆದು ತುದಿಯಲ್ಲಿ ಹೊಸ ಚಿಗುರು ಕಂಡಾಗ ಶುರು ಮಾಡಿ. ನೀರಿನಲ್ಲಿ ಕರಗುವ 19:19:19 ಗೊಬ್ಬರ (ಸಾರಜನಕ, ರಂಜಕ, ಪೊಟ್ಯಾಷ್ ಸಮವಾಗಿರುವುದು), ಪೊಟ್ಟಣದ ಮೇಲೆ ಬರೆದಿರುವುದರ ಅರ್ಧ, ತಿಂಗಳಿಗೊಮ್ಮೆ. ಮಣ್ಣು ಒಣಗಿದ್ದರೆ ಮೊದಲು ಬರೀ ನೀರು ಹಾಕಿ. ಇಲ್ಲದಿದ್ದರೆ ಬೇರು ಸುಡುತ್ತದೆ. ಈ ಗಿಡಕ್ಕೆ ಮೆಗ್ನೀಸಿಯಮ್ ಜಾಸ್ತಿ ಬೇಕು. 4 ಲೀಟರ್ ನೀರಿಗೆ ಒಂದು ಟೀ ಚಮಚ ಎಪ್ಸಮ್ ಉಪ್ಪು (ಮೆಗ್ನೀಸಿಯಮ್ ಸಲ್ಫೇಟ್, ಅಡುಗೆ ಉಪ್ಪಲ್ಲ), ಅದೂ ತಿಂಗಳಿಗೊಮ್ಮೆ. ಗೊಬ್ಬರ ಹಾಕಿದ ವಾರ ಮಾತ್ರ ಬೇಡ.

ಹೂ ಬಿಡುವ ಕಾಲಕ್ಕೆ ಮೂರು ತಿಂಗಳು ಮುಂಚೆ ಗೊಬ್ಬರ, ಎಪ್ಸಮ್ ಉಪ್ಪು ಎಲ್ಲ ಬಂದ್. ಮೊಗ್ಗು ಕಟ್ಟಿಸುವುದು ಗೊಬ್ಬರ ಅಲ್ಲ, ತಂಪು ಮತ್ತು ಕತ್ತಲೆ. ದಿನಕ್ಕೆ 12ರಿಂದ 14 ಗಂಟೆ ಕತ್ತಲೆ, ಸುಮಾರು ಆರು ವಾರ. ರಾತ್ರಿ ಹನ್ನೊಂದರವರೆಗೂ ದೀಪ ಉರಿಯುವ ಕೋಣೆಯಲ್ಲಿಟ್ಟರೆ ಕಷ್ಟ ಅಲ್ವಾ? ನನ್ನ ಗಿಡ ಹಾಗೇ ಎರಡು ವರ್ಷ ಬರೀ ಹಸಿರಾಗಿ ನಿಂತಿತ್ತು.